ಮತ ಬೇಕು, ಮುಂದಾಳ್ತನ ಬೇಡವೇ?

ಶಿರಸಿ, ಸಿದ್ದಾಪುರ, ಯಲ್ಲಾಪುರಗಳಲ್ಲಿ ಚುನಾವಣೆಯ ಮಾತು ಬಂದಾಗಲೆಲ್ಲ ಒಂದು ವಾದವನ್ನು ನಾವು ಕೇಳುತ್ತೇವೆ: ಘಟ್ಟದ ಮೇಲೆ ಅಲ್ಪಸಂಖ್ಯಾತರು ಗೆಲ್ಲಲಾರರು, ಅದರಲ್ಲೂ ಹೆಣ್ಣು ಗೆಲ್ಲಲಾರಳು. ಹೀಗೆನ್ನುವವರು 1999ನ್ನು ಮರೆತಿದ್ದಾರೆ. ಆ ವರ್ಷ ಈ ಮೂರೂ ತಾಲೂಕುಗಳು ಸೇರಿದ್ದ ಕೆನರಾ ಲೋಕಸಭಾ ಕ್ಷೇತ್ರದ ಜನರು ಹಾಲಿ ಸಂಸದ ಅನಂತಕುಮಾರ ಹೆಗಡೆಯವರನ್ನು ಸೋಲಿಸಿ, ಕ್ರೈಸ್ತ ಮಹಿಳೆ ಮಾರ್ಗರೆಟ್ ಆಳ್ವರನ್ನು ದಿಲ್ಲಿಗೆ ಕಳುಹಿಸಿದರು.

ಅದು ಮನೆತನದ ಬಲವೆಂದು ಕೆಲವರು ಹೇಳಬಹುದು. ಮಾವ ಜೋಕಿಂ ಆಳ್ವ ಇದೇ ಜಿಲ್ಲೆಯ ಸಂಸದರಾಗಿದ್ದರು. ಅತ್ತೆ ವಯಲೆಟ್ ಆಳ್ವ ರಾಜ್ಯಸಭೆಯ ಉಪಸಭಾಪತಿಯಾಗಿದ್ದರು. 1974ರಿಂದ 1998ರವರೆಗೆ ರಾಜ್ಯಸಭೆಯಲ್ಲಿದ್ದ ಮಾರ್ಗರೆಟ್‌ರಿಗೆ ಕುಟುಂಬವು ಬಾಗಿಲು ತೆರೆದದ್ದು ನಿಜ. ಆದರೆ 1999ರಲ್ಲಿ ಮತ ನೀಡಿದ್ದು ಕುಟುಂಬವಲ್ಲ, ಜನ.

ಹಾಗಾದರೆ ಅಡ್ಡಿ ಎಲ್ಲಿದೆ? ಮೊದಲನೆಯದಾಗಿ, ಪಕ್ಷಗಳಲ್ಲಿದೆ. 2008ರಲ್ಲಿ ಕಾಂಗ್ರೆಸ್ ಟಿಕೆಟುಗಳು ಮಾರಾಟವಾದವೆಂದು ಬಹಿರಂಗವಾಗಿ ಆರೋಪಿಸಿದ ಮಾರ್ಗರೆಟ್ ಪಕ್ಷದ ಹುದ್ದೆ ಕಳೆದುಕೊಂಡರು. 2022ರಲ್ಲಿ ಪ್ರತಿಪಕ್ಷಗಳು ಅವರನ್ನು ಉಪರಾಷ್ಟ್ರಪತಿ ಸ್ಥಾನಕ್ಕೆ ನಿಲ್ಲಿಸಿದಾಗ, ತಮ್ಮೊಡನೆ ಸಮಾಲೋಚಿಸಲಿಲ್ಲವೆಂದು ಮಮತಾ ಬ್ಯಾನರ್ಜಿಯವರ ಪಕ್ಷವು ಮತದಾನದಿಂದ ದೂರ ಉಳಿಯಿತು. ತಂದೆಯ ಅಥವಾ ಗಂಡನ ಹೆಸರಿನ ಆಸರೆಯಿಲ್ಲದೆ ಬೀದಿ ಹೋರಾಟದಿಂದ ಮೇಲೆದ್ದು, 2011ರಲ್ಲಿ ಬಂಗಾಳದ ಅಧಿಕಾರ ಹಿಡಿದ ಮಹಿಳೆಯ ಪಕ್ಷವೇ ಹೀಗೆ ಮಾಡಿದ್ದು ಎಂತಹ ವಿಪರ್ಯಾಸ! ಮಾರ್ಗರೆಟ್‌ರಿಗೆ ದೊರೆತದ್ದು 182 ಮತಗಳು, ಎದುರಾಳಿಗೆ 528. ಆ ಪಕ್ಷದ ಮತಗಳು ಫಲಿತಾಂಶವನ್ನು ಬದಲಿಸುತ್ತಿರಲಿಲ್ಲ. ಆದರೆ ಮಹಿಳೆಯ ಪರವೆಂಬ ಮಾತಿಗೆ ತೂಕ ತರುತ್ತಿದ್ದವು.

ಎರಡನೆಯ ಅಡ್ಡಿ ನಮ್ಮ ಮನೆಗಳಲ್ಲಿದೆ. ಕರ್ನಾಟಕವು 1987ರ ಪಂಚಾಯತಿ ಚುನಾವಣೆಯಲ್ಲೇ ಮಹಿಳೆಯರಿಗೆ ಶೇ. 25 ಸ್ಥಾನಗಳನ್ನು ಮೀಸಲಿಟ್ಟಿತ್ತು. 1993ರಲ್ಲಿ ಜಾರಿಗೆ ಬಂದ ಸಂವಿಧಾನದ 73 ಮತ್ತು 74ನೇ ತಿದ್ದುಪಡಿಗಳು ಹಳ್ಳಿ, ಪಟ್ಟಣಗಳೆರಡರಲ್ಲೂ ಕನಿಷ್ಠ ಮೂರನೇ ಒಂದು ಪಾಲನ್ನು ಖಾತರಿಪಡಿಸಿದವು. ಆದರೂ ಸದಸ್ಯೆಯ ಹೆಸರಿನಲ್ಲಿ ಗಂಡ ಮಾತಾಡುವುದನ್ನು, ಅವಳ ಸಹಿ ಮಾತ್ರ ಕಚೇರಿ ತಲುಪುವುದನ್ನು ಕಂಡು ನಾವು ಸುಮ್ಮನಿದ್ದೇವೆ. ಮತದಾನದ ದಿನ ಹೆಂಗಸರನ್ನೆಲ್ಲ ಸಾಲಿನಲ್ಲಿ ನಿಲ್ಲಿಸಲು ತೋರುವ ಉತ್ಸಾಹ, ಅವರಲ್ಲೊಬ್ಬರನ್ನು ಅಭ್ಯರ್ಥಿಯಾಗಿಸಲು ಏಕಿಲ್ಲ?

ಇದರ ಫಲ ಕಣ್ಣ ಮುಂದಿದೆ. 2018 ಮತ್ತು 2023ರಲ್ಲಿ ಚುನಾಯಿತವಾದ 224 ಸದಸ್ಯರ ವಿಧಾನಸಭೆಗಳಲ್ಲಿ ಇದ್ದದ್ದು ಒಬ್ಬರೇ ಮುಸ್ಲಿಂ ಮಹಿಳೆ: ಕಲಬುರಗಿ ಉತ್ತರದ ಕನೀಜ್ ಫಾತಿಮಾ. ಅವರು ಕಣಕ್ಕಿಳಿದದ್ದೂ ಪತಿ ಖಮರುಲ್ ಇಸ್ಲಾಂ ತೀರಿಕೊಂಡ ಬಳಿಕವೇ. ಹೆಣ್ಣಿಗೆ ಸಾರ್ವಜನಿಕ ಜೀವನದ ಬಾಗಿಲು ತೆರೆಯಲು ಮನೆಯಲ್ಲೊಂದು ಸಾವು ಸಂಭವಿಸಬೇಕೇ?

ಶಾಸನಸಭೆಗಳಲ್ಲಿ ಮಹಿಳೆಯರಿಗೆ ಮೂರನೇ ಒಂದು ಪಾಲು ನೀಡುವ ತಿದ್ದುಪಡಿಗೆ 2023ರಲ್ಲಿ ಸಂಸತ್ತು ಒಪ್ಪಿಗೆ ನೀಡಿದೆ. ಕಾನೂನು ಸ್ಥಾನವನ್ನು ಕಾದಿರಿಸಬಲ್ಲದು. ಆ ಸ್ಥಾನದಲ್ಲಿ ಕುಳಿತು ಆಯವ್ಯಯ ಓದಬಲ್ಲ, ಅಧಿಕಾರಿಯನ್ನು ಪ್ರಶ್ನಿಸಬಲ್ಲ ಹೆಣ್ಣನ್ನು ಅದು ಸಿದ್ಧಗೊಳಿಸಲಾರದು. ಆ ಹೊಣೆ ನಮ್ಮದು. ಅದು ವಾರ್ಡಿನ ಸಭೆಗೆ, ಶಾಲಾಭಿವೃದ್ಧಿ ಸಮಿತಿಗೆ ನಮ್ಮ ಹೆಣ್ಣುಮಕ್ಕಳನ್ನು ಕಳುಹಿಸುವುದರಿಂದಲೇ ಆರಂಭವಾಗಬೇಕು. ಗೆಲ್ಲಲಾರಳೆಂಬ ತೀರ್ಪನ್ನು ಮತದಾರ ನೀಡಲಿ. ಅವನಿಗಿಂತ ಮುಂಚೆ ಮನೆಯಲ್ಲೇ ನೀಡಲು ನಾವು ಯಾರು?