ಕೌದಿ ಹೊಲಿಯುವುದು ಅಂಚಿನಿಂದ

ಮೈಂಡ್ ಮ್ಯಾಪ್ ಬರೆಯುವ ತಂತ್ರಾಂಶವನ್ನು ತೆರೆದೊಡನೆ ಸಾಮಾನ್ಯವಾಗಿ ಪರದೆಯ ನಟ್ಟನಡುವೆ ಒಂದು ಖಾಲಿ ಡಬ್ಬಿ ಕಾಣಿಸುತ್ತದೆ. ಮುಖ್ಯ ವಿಷಯವನ್ನು ಅಲ್ಲಿ ಬರೆಯಬೇಕು. ಆಮೇಲೆ ಅದರಿಂದ ಗೆಲ್ಲು, ಗೆಲ್ಲಿನಿಂದ ಟಿಸಿಲು. ಉತ್ತರ ಕನ್ನಡದ ಹಳಿಯಾಳ, ಮುಂಡಗೋಡ ಕಡೆಯ ಸಿದ್ದಿ ಸಮುದಾಯದ ಹೆಂಗಸರು ಕೌದಿ ಹೊಲಿಯುವ ಕ್ರಮ ಇದಕ್ಕೆ ತೀರಾ ತಿರುವುಮುರುವು. ಹಳೆಯ ಸೀರೆಯನ್ನು ಹಾಸಿ, ಒಂದು ಮೂಲೆ ಹಿಡಿದು, ಬಟ್ಟೆಯ ತುಂಡುಗಳನ್ನು ಅಂಚಿಗುಂಟ ಜೋಡಿಸುತ್ತ ಸುತ್ತುಸುತ್ತಾಗಿ ಒಳಕ್ಕೆ ಬರುತ್ತಾರೆ. ನಡುವಿನ ತುಂಡು ಕೂಡುವುದು ಕೊಟ್ಟಕೊನೆಗೆ. ಮೂಲೆಗಳಿಗೆ ಮಡಿಚಿ ಹೊಲಿಯುವ ತ್ರಿಕೋನದ ತುಂಡಿಗೆ ಫುಲಾ ಎಂದು ಹೆಸರು, ಅಂದರೆ ಹೂವು. ಫುಲಾ ಇಲ್ಲದ ಕೌದಿ ಅವರ ಕಣ್ಣಿಗೆ ಮುಗಿದ ಕೌದಿಯಲ್ಲ.

ದಾಂಡೇಲಿ, ಹಳಿಯಾಳ, ಜೋಯಿಡಾ, ಮುಂಡಗೋಡಗಳಲ್ಲಿ ಯೋಜನೆ ಹಾಕುವ ಕೈಗಳು ಬಹಳ. ಹೋಂಸ್ಟೇ ತೆರೆಯಲು ಹೊರಟವರಿದ್ದಾರೆ, ಪಂಚಾಯಿತಿಯ ಕ್ರಿಯಾಯೋಜನೆ ಬರೆಯುವವರಿದ್ದಾರೆ, ಹಳಿಯಾಳದ ಎಂಜಿನಿಯರಿಂಗ್ ಕಾಲೇಜಿನಲ್ಲಿ ಕೊನೆಯ ವರ್ಷದ ಪ್ರಾಜೆಕ್ಟಿಗೆ ಕೂತವರಿದ್ದಾರೆ. ಇವರ ಕೈಗೆಲ್ಲ ಮೈಂಡ್ ಮ್ಯಾಪ್ ತಂತ್ರಾಂಶ ಬರಬೇಕು. ಆದರೆ ಅದನ್ನು ಬಳಸುವುದು ಕೌದಿಯ ಕ್ರಮದಲ್ಲಾಗಬೇಕು.

ಮೈಂಡ್ ಮ್ಯಾಪ್ ಎಂಬ ಹೆಸರನ್ನು ಜಗತ್ತಿಗೆ ಹಬ್ಬಿಸಿದವರು ಬ್ರಿಟನ್ನಿನ ಟೋನಿ ಬುಜಾನ್. 1974ರಲ್ಲಿ ಬಿಬಿಸಿ ಟಿವಿಯಲ್ಲಿ ಬಂದ ಅವರ ಸರಣಿ ಈ ಚಿತ್ರಪದ್ಧತಿಯನ್ನು ಮನೆಮನೆಗೆ ಮುಟ್ಟಿಸಿತು. ಕಂಪ್ಯೂಟರಿಗೆ ಅದು ಬಂದ ಬಗೆ ಮನಸ್ಸು ತಟ್ಟುವಂಥದ್ದು. ಮೈಕ್ ಜೆಟರ್ ಎಂಬ ತಂತ್ರಜ್ಞ ರಕ್ತದ ಕ್ಯಾನ್ಸರಿಗೆ ಚಿಕಿತ್ಸೆ ಪಡೆದು ಚೇತರಿಸಿಕೊಳ್ಳುತ್ತಿದ್ದ ದಿನಗಳಲ್ಲೇ ಬರೆದ ತಂತ್ರಾಂಶ 1994ರಲ್ಲಿ ಹೊರಬಂತು; ಇವತ್ತು ಅದರ ಹೆಸರು ಮೈಂಡ್‌ಮ್ಯಾನೇಜರ್. ಮುಂದೆ ಉಚಿತವಾದ ಫ್ರೀಮೈಂಡ್ ಬಂತು, ಅದರಿಂದ ಕವಲೊಡೆದು ಫ್ರೀಪ್ಲೇನ್ ಬಂತು. ಎಕ್ಸ್‌ಮೈಂಡ್ ಕೂಡ ಹೆಸರುವಾಸಿ.

ಹೆಸರು ಹೊಸದು, ಕಸುಬು ಹಳೆಯದು. ಮುಂಡಗೋಡದ ಟಿಬೆಟನ್ ವಸತಿಗೆ ಹೋದವರು ಗಾಂದೆನ್, ದ್ರೇಪುಂಗ್ ಮಠಗಳ ಬಂಗಾರದ ಬಣ್ಣದ ಶಿಖರಗಳನ್ನು ನೋಡಿ ಫೋಟೊ ತೆಗೆದು ಮರಳುತ್ತಾರೆ. ಅಲ್ಲೇ ಮೆನ್-ತ್ಸೀ-ಖಾಂಗ್ ಎಂಬ ಟಿಬೆಟನ್ ವೈದ್ಯ ಸಂಸ್ಥೆಯ ಚಿಕಿತ್ಸಾಲಯವೂ ಇದೆ. ಆ ವೈದ್ಯಶಾಸ್ತ್ರದ ಮೂಲಗ್ರಂಥ ಗ್ಯುಶಿ. ಅದನ್ನು ಕಲಿಯುವ ವಿದ್ಯಾರ್ಥಿಗೆ ಮೊದಲು ಸಿಗುವುದು ಒಂದು ಮರ. ಅದಕ್ಕೆ ಮೂರು ಬೇರು: ದೇಹಸ್ಥಿತಿ, ರೋಗ ಪತ್ತೆ, ಚಿಕಿತ್ಸೆ. ಮೊದಲ ಬೇರಿನಿಂದ 2 ಕಾಂಡ, ಎರಡನೆಯದರಿಂದ 3, ಮೂರನೆಯದರಿಂದ 4. ಈ 9 ಕಾಂಡಗಳಿಂದ 47 ಕೊಂಬೆ, ಕೊಂಬೆಗಳ ಮೇಲೆ 224 ಎಲೆ. ಒಂದೊಂದು ಎಲೆಯೂ ಒಂದೊಂದು ಅಂಶ. 17ನೆಯ ಶತಮಾನದ ಕೊನೆಯಲ್ಲಿ ಟಿಬೆಟಿನ ಆಡಳಿತಗಾರ ದೇಸಿ ಸಾಂಗ್ಯೆ ಗ್ಯಾತ್ಸೊ ಬರೆಸಿದ 79 ವೈದ್ಯಚಿತ್ರಗಳಲ್ಲಿ ಈ ಮರ ಬಣ್ಣ ತುಂಬಿಕೊಂಡು ನಿಂತಿದೆ. ವಿದ್ಯಾರ್ಥಿಗಳು ಇದನ್ನು ಬಣ್ಣದ ಹರಳುಗಳಿಂದ ನೆಲದ ಮೇಲೆ ಹರಡಿ, ಒಂದೊಂದು ಎಲೆಯ ಹೆಸರನ್ನೂ ಬಾಯಿಂದ ಹೇಳುತ್ತ ಕಲಿತ ಸಂಪ್ರದಾಯವೂ ಇದೆ. ಮೌಸು, ಪರದೆ ಯಾವುದೂ ಇಲ್ಲದ ಕಾಲದ ಮಾತು.

ಇತ್ತ ಜೋಯಿಡಾ ತಾಲ್ಲೂಕಿನ ಉಳವಿಯಲ್ಲಿ ಚೆನ್ನಬಸವಣ್ಣನವರ ಸಮಾಧಿ. ಮಾಘದ ಜಾತ್ರೆಗೆ ಧಾರವಾಡ, ಬೆಳಗಾವಿ ಸೀಮೆಯಿಂದ ಈಗಲೂ ಚಕ್ಕಡಿ ಕಟ್ಟಿಕೊಂಡು ಬರುವ ಭಕ್ತರಿಗೆ ಅವರು ಷಟ್‌ಸ್ಥಲ ಜ್ಞಾನಿ. ಭಕ್ತ, ಮಹೇಶ, ಪ್ರಸಾದಿ, ಪ್ರಾಣಲಿಂಗಿ, ಶರಣ, ಐಕ್ಯ ಎಂಬ ಆರು ಸ್ಥಲ. ಒಂದೊಂದರೊಳಗೂ ಮತ್ತೆ ಆರು, ಅದರೊಳಗೆ ಇನ್ನಾರು, ಹೀಗೆ 216ರವರೆಗೆ ಕವಲೊಡೆಯುವ ಕ್ರಮ ಆ ಪರಂಪರೆಯಲ್ಲಿದೆ. ಅವರ ಹೆಸರಿನಲ್ಲಿರುವ ಒಂದು ಕೃತಿಯ ಹೆಸರು ‘ಕರಣಹಸುಗೆ’. ಹಸುಗೆ ಎಂದರೆ ಪಾಲು ಮಾಡುವುದು, ಬಿಡಿಸಿ ಹಂಚುವುದು. ಮೈಂಡ್ ಮ್ಯಾಪ್ ಮಾಡುವ ಕೆಲಸಕ್ಕೆ ಇಷ್ಟು ಒಪ್ಪುವ ಪದ ಕನ್ನಡದಲ್ಲೇ ಇರುವಾಗ ಅದು ಮರೆಯಾಗಿರುವುದು ಬೇಸರದ ಸಂಗತಿ.

ಈಗ ಗಣೇಶಗುಡಿಯ ಹತ್ತಿರ ಯುವಕನೊಬ್ಬ ತೆರೆಯಲಿರುವ ಹೋಂಸ್ಟೇಯ ಲೆಕ್ಕ ಹಾಕೋಣ. ಕಾಗದ ಹಿಡಿದರೆ ಯಾರಾದರೂ ಬರೆಯುವುದು ಪಟ್ಟಿ: ನಾಲ್ಕು ಕೋಣೆ, ಶೌಚಾಲಯ, ಅಡುಗೆಯವರು, ಬೋರ್ಡು, ಪರವಾನಗಿ, ರಾಫ್ಟಿಂಗ್ ಏರ್ಪಾಟು. ಪಟ್ಟಿಯಲ್ಲಿ ಎಲ್ಲವೂ ಒಂದರ ಕೆಳಗೊಂದು ನಿಂತಿರುತ್ತವೆ. ಯಾವುದು ಯಾವುದನ್ನು ಹಿಡಿದುಕೊಂಡಿದೆ ಎಂಬುದು ಕಾಣುವುದೇ ಇಲ್ಲ. ಅದನ್ನೇ ನಕ್ಷೆಯಾಗಿ ಹರಡಿದರೆ ರಾಫ್ಟಿಂಗ್ ಎಂಬ ಟಿಸಿಲು ಸೀದಾ ಸೂಪಾ ಅಣೆಕಟ್ಟಿಗೆ ಹೋಗಿ ಮುಟ್ಟುತ್ತದೆ. ಅಲ್ಲಿಂದ ನೀರು ಬಿಟ್ಟರಷ್ಟೇ ಕಾಳಿ ನದಿಯಲ್ಲಿ ರಾಫ್ಟು ಓಡುವ ರಭಸ ಬರುತ್ತದೆ. ನೀರು ಬಿಡುವುದು ಸೂಪಾದ 100 ಮೆಗಾವಾಟ್ ವಿದ್ಯುದಾಗಾರ ನಡೆಯುವ ಹೊತ್ತನ್ನು ಅವಲಂಬಿಸಿದೆ, ಅದು ರಾಜ್ಯದ ಕರೆಂಟಿನ ಬೇಡಿಕೆಯನ್ನು ಅವಲಂಬಿಸಿದೆ. ಅದೇ ನೀರು ಮುಂದೆ ದಾಂಡೇಲಿಗೆ, ಕಾಗದದ ಕಾರ್ಖಾನೆಗೆ, ಬೊಮ್ಮನಹಳ್ಳಿ ಜಲಾಶಯಕ್ಕೆ, ನಾಗಝರಿಗೆ, ಕೊಡಸಳ್ಳಿಗೆ, ಕದ್ರಾಕ್ಕೆ ಹೋಗುತ್ತದೆ. ಇನ್ನೊಂದು ಗೆಲ್ಲು ಕಾಳಿ ಹುಲಿ ಸಂರಕ್ಷಿತ ಪ್ರದೇಶದ ನಿಯಮಗಳಿಗೆ ತಾಗುತ್ತದೆ, ಮತ್ತೊಂದು ಮಳೆಗಾಲದ ರಸ್ತೆಗೆ. ಸಾಲ ಕಟ್ಟುವ ಕಂತು ಎಂಬ ಡಬ್ಬಿಗೂ ಸೂಪಾದ ಗೇಟಿಗೂ ನಡುವೆ ಒಂದು ಗೆರೆ ಎಳೆಯಬೇಕಾಗಿ ಬಂದಾಗಲೇ ಆ ಯುವಕನಿಗೆ ತನ್ನ ಯೋಜನೆ ಏನೆಂದು ಅರ್ಥವಾಗುವುದು. ಫ್ರೀಪ್ಲೇನ್, ಎಕ್ಸ್‌ಮೈಂಡ್ ಎರಡರಲ್ಲೂ ಹೀಗೆ ದೂರದ ಎರಡು ಟಿಸಿಲುಗಳನ್ನು ಅಡ್ಡಗೆರೆಯಿಂದ ಕೂಡಿಸುವ ಸೌಲಭ್ಯವಿದೆ. ಬಹಳ ಮಂದಿ ಅದನ್ನು ಮುಟ್ಟುವುದೇ ಇಲ್ಲ. ಕಾಳಿ ಕಣಿವೆಯಲ್ಲಿ ಮಾತ್ರ ಅಡ್ಡಗೆರೆ ಇಲ್ಲದ ಮರ ಅರ್ಧ ಸುಳ್ಳು.

ನಡುವಿನ ಡಬ್ಬಿಯ ಮಾತಿಗೆ ಬರಬೇಕು. ಅಲ್ಲಿ ಯಾವ ಪದ ಕೂರುತ್ತದೋ ಉಳಿದದ್ದೆಲ್ಲ ಅದರ ಸೇವೆಗೆ ನಿಲ್ಲುತ್ತದೆ. ಕಾಳಿ ಜಲವಿದ್ಯುತ್ ಯೋಜನೆಯ ನಡುವೆ ಕೂತದ್ದು ವಿದ್ಯುತ್ತು. 101 ಮೀಟರ್ ಎತ್ತರದ ಅಣೆಕಟ್ಟು ಎದ್ದಿತು, ಸೂಪಾ ಊರು ನೀರಿನಡಿ ಹೋಯಿತು, ಮುಳುಗಡೆಯಾದವರ ದೊಡ್ಡ ಪಾಲು ರಾಮನಗರದ ಪುನರ್ವಸತಿಗೆ ಬಂದಿತು, ತಾಲ್ಲೂಕಿನ ಕೇಂದ್ರ ಜೋಯಿಡಾಕ್ಕೆ ಸರಿಯಿತು. ಕರೆಂಟು ನಾಡಿಗೆ ಬೇಕಿತ್ತು, ನಿಜ. ಆದರೆ ಆ ನಕ್ಷೆಯ ಅಂಚಿನ ಯಾವುದೋ ಎಲೆಯಲ್ಲಿ ‘ಸ್ಥಳಾಂತರ’ ಎಂಬ ಒಂದು ಪದವಾಗಿ ಉಳಿದವರಿಗೆ ಅದು ಇಡೀ ಬದುಕಾಗಿತ್ತು. ಅವರೇ ಮೊದಲು ಬರೆದಿದ್ದರೆ ನಡುವೆ ಬೇರೆಯೇ ಪದ ಕೂರುತ್ತಿತ್ತು.

ಅದಕ್ಕೇ ಕೌದಿಯ ಕ್ರಮ ಎಂದದ್ದು. ತಂತ್ರಾಂಶದಲ್ಲಿ ಇದಕ್ಕೆ ದಾರಿಯಿದೆ. ಯಾವ ಗೆಲ್ಲಿಗೂ ಅಂಟದೆ ಪರದೆಯ ಮೇಲೆ ಬಿಡಿಯಾಗಿ ತೇಲುವ ಡಬ್ಬಿಗಳನ್ನು ಇಡಬಹುದು. ಮೊದಲು ಅವನ್ನೇ ತುಂಬಬೇಕು. ಯಾರಿಗೆ ಏನು ತೋಚುತ್ತದೋ ಅದು, ಅವರದೇ ಮಾತಿನಲ್ಲಿ. ಹತ್ತಿಪ್ಪತ್ತು ತುಂಡು ಕೂಡಿದ ಮೇಲೆ ಯಾವುದು ಯಾವುದರ ಪಕ್ಕಕ್ಕೆ ಎಂದು ಎಳೆದಾಡಬಹುದು. ನಡುವಿನ ಡಬ್ಬಿಗೆ ಹೆಸರಿಡುವುದು ಆ ನಂತರದ ಕೆಲಸ.

ಪಂಚಾಯಿತಿಗೆ ಇದು ಹೊಸತೂ ಅಲ್ಲ. ಟಿಬೆಟನ್ ನಿರಾಶ್ರಿತರ ಪುನರ್ವಸತಿಗೆಂದು 1968ರಲ್ಲಿ ಹುಟ್ಟಿದ ಮೈರಾಡ ಸಂಸ್ಥೆ ಮುಂದೆ ಹಳ್ಳಿಗರ ಸಹಭಾಗಿತ್ವದ ಸಮೀಕ್ಷೆಗೆ ಹೆಸರಾಯಿತು. ಆ ಪದ್ಧತಿಯಲ್ಲಿ ಊರವರೇ ರಂಗೋಲಿ ಪುಡಿ, ಕಲ್ಲು, ಕಾಳುಗಳಿಂದ ನೆಲದ ಮೇಲೆ ಊರಿನ ನಕ್ಷೆ ಬಿಡಿಸುತ್ತಾರೆ. ಓದು ಬಾರದ ಅಜ್ಜಿಯೂ ಬತ್ತಿದ ಬಾವಿ ಇರುವ ಜಾಗಕ್ಕೆ ಒಂದು ಕಲ್ಲು ಇಡಬಲ್ಲಳು. 14ನೆಯ ಹಣಕಾಸು ಆಯೋಗದ ನಂತರ ಪಂಚಾಯಿತಿಗಳು ತಮ್ಮ ಅಭಿವೃದ್ಧಿ ಯೋಜನೆಯನ್ನು ತಾವೇ ಬರೆಯಬೇಕಾಯಿತು. ಕರ್ನಾಟಕ ಅದನ್ನು ‘ನಮ್ಮ ಗ್ರಾಮ ನಮ್ಮ ಯೋಜನೆ’ ಎಂದು ಕರೆಯಿತು. ಹೆಸರು ಚೆಂದ. ಆದರೆ ನೆಲದ ಮೇಲಿನ ರಂಗೋಲಿಯನ್ನು ಸಂಜೆಗೆ ಗುಡಿಸುತ್ತಾರೆ, ಕಚೇರಿಗೆ ಹೋಗುವುದು ಮತ್ತೆ ಅದೇ ಪಟ್ಟಿ: ಚರಂಡಿ, ಸಿಸಿ ರಸ್ತೆ, ಬೀದಿದೀಪ. ಅಜ್ಜಿ ಇಟ್ಟ ಕಲ್ಲು ಯಾವ ಸಾಲಿನಲ್ಲೂ ಇರುವುದಿಲ್ಲ.

ತಂತ್ರಾಂಶದ ನಿಜವಾದ ಉಪಯೋಗ ಇಲ್ಲಿ. ನೆಲದ ನಕ್ಷೆಯ ಫೋಟೊ ತೆಗೆದು, ಅದೇ ಸಂಜೆ ಊರವರ ಎದುರಿಗೇ ಅದನ್ನು ಪರದೆಗೆ ಇಳಿಸಿದರೆ ಆ ಕಲ್ಲು ಒಂದು ಡಬ್ಬಿಯಾಗಿ ಉಳಿಯುತ್ತದೆ. ಮುಂದಿನ ಗ್ರಾಮಸಭೆಯಲ್ಲಿ ಅದನ್ನೇ ತೆರೆದು, ಈ ಟಿಸಿಲಿನಲ್ಲಿ ಏನಾಯಿತು ಎಂದು ಕೇಳಬಹುದು. ಕೆಲಸ ಮುಗಿದದ್ದಕ್ಕೆ ಗುರುತು ಹಾಕಬಹುದು, ನಿಂತದ್ದಕ್ಕೆ ಕಾರಣ ಬರೆದಿಡಬಹುದು. ಜನವಸತಿ ಚದುರಿಹೋಗಿರುವ ಜೋಯಿಡಾದಂಥ ತಾಲ್ಲೂಕಿನಲ್ಲಿ, ಒಂದು ಮಜರೆಗೂ ಇನ್ನೊಂದಕ್ಕೂ ನಡುವೆ ಮೈಲಿಗಟ್ಟಲೆ ಕಾಡಿರುವಲ್ಲಿ, ಹೀಗೆ ನೆನಪಿಟ್ಟುಕೊಳ್ಳುವ ಸಾಧನಕ್ಕೆ ಬೆಲೆ ಹೆಚ್ಚು.

ವಿದ್ಯಾರ್ಥಿಗಳಿಗೆ ಒಂದು ಎಚ್ಚರಿಕೆ. ಮೈಂಡ್ ಮ್ಯಾಪ್ ಬರೆದರೆ ಪಾಠ ತಾನಾಗಿ ತಲೆಯಲ್ಲಿ ಕೂರುತ್ತದೆ ಎಂಬ ಮಾತನ್ನು ಪೂರ್ತಿ ನಂಬಬಾರದು. ಇದಕ್ಕೆ ಹತ್ತಿರದ ಬಂಧು ಪರಿಕಲ್ಪನಾ ನಕ್ಷೆ. ಅಮೆರಿಕದ ಕಾರ್ಪಿಕೆ ಮತ್ತು ಬ್ಲಂಟ್ 2011ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಪಾಠವನ್ನು ಎದುರಿಗಿಟ್ಟುಕೊಂಡು ಇಂಥ ನಕ್ಷೆ ಬರೆದವರಿಗಿಂತ, ಓದಿ ಮುಚ್ಚಿಟ್ಟು ನೆನಪಿನಿಂದ ಬರೆದವರೇ ಒಂದು ವಾರದ ನಂತರದ ಪರೀಕ್ಷೆಯಲ್ಲಿ ಮುಂದಿದ್ದರು. ನಕ್ಷೆ ಬರೆಯುವುದೇ ಪರೀಕ್ಷೆಯಾಗಿದ್ದಾಗಲೂ ಫಲ ಬದಲಾಗಲಿಲ್ಲ. ದ್ರೇಪುಂಗಿನ ಅಂಗಳದಲ್ಲಿ ಚಪ್ಪಾಳೆ ತಟ್ಟಿ, ಕಾಲು ಅಪ್ಪಳಿಸಿ ತರ್ಕಕ್ಕಿಳಿಯುವ ಭಿಕ್ಷುಗಳಿಗೆ ಈ ಸಂಗತಿ ಚೆನ್ನಾಗಿ ಗೊತ್ತು. ಅವರು ಓದುವ ಗ್ರಂಥಗಳಿಗೂ ಸಬ್ಚೆ ಎಂಬ ಕವಲುಕವಲಾದ ವಿಷಯಸೂಚಿ ಇರುತ್ತದೆ. ಆದರೆ ವಾದಕ್ಕೆ ನಿಂತಾಗ ಕೈಯಲ್ಲಿ ಪುಸ್ತಕ ಇರುವುದಿಲ್ಲ. ಹಳಿಯಾಳದ ವಿದ್ಯಾರ್ಥಿಯೂ ಪುಸ್ತಕ ಮುಚ್ಚಿ ನಕ್ಷೆ ಬರೆಯಲಿ, ಆಮೇಲೆ ಪುಸ್ತಕ ತೆರೆದು ಬಿಟ್ಟುಹೋದ ಗೆಲ್ಲುಗಳನ್ನು ಬೇರೆ ಬಣ್ಣದಲ್ಲಿ ಸೇರಿಸಲಿ. ಆ ಬಣ್ಣವೇ ಅವನಿಗೆ ನಾಳೆ ಏನು ಓದಬೇಕೆಂದು ತೋರಿಸುತ್ತದೆ.

ಅಡಚಣೆಗಳು ಇಲ್ಲವೆಂದಲ್ಲ. ಜೋಯಿಡಾದ ಎಷ್ಟೋ ಹಳ್ಳಿಗಳಲ್ಲಿ ನೆಟ್‌ವರ್ಕ್ ಸಿಗಬೇಕಾದರೆ ಗುಡ್ಡ ಹತ್ತಬೇಕು. ಇಂಟರ್ನೆಟ್ ಇದ್ದರಷ್ಟೇ ನಡೆಯುವ ಸೇವೆಗಳು ಅಲ್ಲಿಗೆ ಒಗ್ಗುವುದಿಲ್ಲ. ಫ್ರೀಪ್ಲೇನ್ ಒಮ್ಮೆ ಇಳಿಸಿಕೊಂಡರೆ ಸಂಪರ್ಕವಿಲ್ಲದೆಯೂ ನಡೆಯುತ್ತದೆ, ಹಣ ಕೇಳುವುದಿಲ್ಲ, ಯೂನಿಕೋಡ್ ಕನ್ನಡ ಬರೆಸಿಕೊಳ್ಳುತ್ತದೆ. ತೊಡಕು ಬರುವುದು ಹಳೆಯ ನುಡಿ ಅಕ್ಷರವಿನ್ಯಾಸದಲ್ಲಿ ಟೈಪಾದ ಕಡತಗಳಿಂದ. ಅಲ್ಲಿಂದ ಎತ್ತಿ ಅಂಟಿಸಿದರೆ ಕನ್ನಡ ಹೋಗಿ ಅರ್ಥವಿಲ್ಲದ ರೋಮನ್ ಅಕ್ಷರಗಳ ರಾಶಿ ಬೀಳುತ್ತದೆ. ಮೊದಲು ಯೂನಿಕೋಡಿಗೆ ಪರಿವರ್ತಿಸಿಕೊಳ್ಳಬೇಕು. ಇಷ್ಟು ಚಿಕ್ಕ ವಿಷಯವನ್ನು ಒಂದು ದಿನದ ತರಬೇತಿಯಲ್ಲಿ ಹೇಳಿಕೊಡಬಹುದು. ಹಳಿಯಾಳದಲ್ಲಿ ಸ್ವಉದ್ಯೋಗ ತರಬೇತಿ ಸಂಸ್ಥೆಯೇ ಇರುವಾಗ ಜಾಗವನ್ನೂ ಹುಡುಕಬೇಕಾಗಿಲ್ಲ. ಕಂಪ್ಯೂಟರ್ ಸಿಗದ ದಿನ ಕಾಗದ ಸಾಕು. ದಾಂಡೇಲಿ ಕಾಗದ ಮಾಡುವ ಊರು.

ಶುರು ಮಾಡಲು ಒಳ್ಳೆಯ ಜಾಗ ಜೋಯಿಡಾದ ಗೆಡ್ಡೆಗೆಣಸು ಮೇಳ. ಪ್ರತಿವರ್ಷ ಚಳಿಗಾಲದಲ್ಲಿ ನಡೆಯುವ ಈ ಮೇಳಕ್ಕೆ ಕುಣಬಿ ಸಮುದಾಯದ ಹೆಂಗಸರು ತಾವೇ ಬೆಳೆದ ಬಗೆಬಗೆಯ ಗೆಡ್ಡೆಗಳನ್ನು ಹೊತ್ತು ತರುತ್ತಾರೆ. ಮುಂದಿನ ಮೇಳದ ಯೋಜನೆಗೆ ಕೂತಾಗ ನಡುವಿನ ಡಬ್ಬಿಯನ್ನು ಖಾಲಿ ಬಿಟ್ಟು, ಮೊದಲ ತುಂಡನ್ನು ಅವರ ಕೈಯಿಂದಲೇ ಇಡಿಸಬೇಕು. ಬೀಜದ ಗೆಡ್ಡೆ ಎಂದಾರು, ಕಾಡುಹಂದಿ ಎಂದಾರು, ಬೆಳಗಿನ ಬಸ್ಸು ಎಂದಾರು. ಅವರು ಹೇಳಿದ್ದನ್ನು ಹೇಳಿದ ಹಾಗೇ ಬರೆದುಕೊಳ್ಳುವವರೊಬ್ಬರು ಲ್ಯಾಪ್‌ಟಾಪ್ ಹಿಡಿದು ಪಕ್ಕದಲ್ಲಿ ಕೂತಿರಲಿ.