ಮೊದಲ ನಿಮಿಷದ ಸೀಟಿ

ಇಂಗ್ಲೆಂಡಿನ ವುಲ್ವರ್‌ಹ್ಯಾಂಪ್ಟನ್ನಿನಲ್ಲಿ ಮಾಂಸದ ಅಂಗಡಿಯ ವೃತ್ತಿಯನ್ನು ನಡೆಸುತ್ತಲೇ ಫುಟ್‌ಬಾಲ್ ರೆಫರಿಯಾಗಿ ಬೆಳೆದ ಜ್ಯಾಕ್ ಟೇಲರರು, 1974ರ ಜುಲೈ 7ರಂದು ಮ್ಯೂನಿಕ್ ನಗರದಲ್ಲಿ ಪಶ್ಚಿಮ ಜರ್ಮನಿಗೂ ನೆದರ್‌ಲೆಂಡ್ಸಿಗೂ ನಡೆದ ವಿಶ್ವಕಪ್ಪಿನ ಅಂತಿಮ ಪಂದ್ಯದಲ್ಲಿ ತೋರಿದ ಧೈರ್ಯಕ್ಕೆ ಸಲ್ಲಬೇಕಾದ ಮನ್ನಣೆ ಇನ್ನೂ ಪೂರ್ಣವಾಗಿ ಸಂದಿಲ್ಲವೆಂದೇ ನನ್ನ ಅಭಿಪ್ರಾಯ. ಮೈದಾನದ ಮೂಲೆಗಳಲ್ಲಿ ಬಾವುಟಗಳಿಲ್ಲದುದನ್ನು ಗಮನಿಸಿ, ಅವನ್ನು ನೆಡಿಸುವವರೆಗೂ ಆಟವನ್ನೇ ತಡೆದು ನಿಲ್ಲಿಸಿದ ಆ ಸೂಕ್ಷ್ಮದೃಷ್ಟಿ, ಆಟ ತೊಡಗಿದೊಡನೆಯೇ, ಜರ್ಮನ್ ಆಟಗಾರರಲ್ಲೊಬ್ಬನೂ ಇನ್ನೂ ಚೆಂಡನ್ನು ಮುಟ್ಟದಿರುವಾಗಲೇ, ಊಲಿ ಹೋನೆಸ್ ನೆದರ್‌ಲೆಂಡ್ಸಿನ ಯೋಹಾನ್ ಕ್ರೈಫರನ್ನು ಕೆಡವಿದುದನ್ನೂ ಕಂಡಿತು. ಆತಿಥೇಯರ ನೆಲದಲ್ಲಿ, ಅವರದೇ ಜನಸ್ತೋಮದ ಎದುರಿನಲ್ಲಿ, ಅವರ ವಿರುದ್ಧವೇ ಪೆನಾಲ್ಟಿ! ವಿಶ್ವಕಪ್ ಫೈನಲ್‌ಗಳ ಚರಿತ್ರೆಯಲ್ಲಿ ಅದು ಮೊತ್ತಮೊದಲನೆಯದು. ಯೋಹಾನ್ ನೇಸ್ಕೆನ್ಸ್ ಗೋಲು ಹೊಡೆದರು.

25ನೆಯ ನಿಮಿಷದಲ್ಲಿ ಜರ್ಮನರಿಗೂ ಪೆನಾಲ್ಟಿ ದೊರೆತಾಗ, ಇದು ಮೊದಲನೆಯದಕ್ಕೆ ಸಂದ ಪರಿಹಾರವೆಂದು ಹಲವರು ಆಡಿಕೊಂಡರು. ಆ ಪೆನಾಲ್ಟಿಗೆ ಕಾರಣವಾಗಿ ಜರ್ಮನ್ ಆಟಗಾರ ಹೋಲ್ಟ್ಸೆನ್‌ಬೈನ್ ಬಿದ್ದ ರೀತಿ ಇಂದಿಗೂ ವಿವಾದಾಸ್ಪದವೆಂಬುದು ನಿಜ. ಆದರೆ ಎಡವಿಸಲು ಯತ್ನಿಸಿದುದೂ ನಿಯಮದಂತೆ ಅಪರಾಧವೇ ಎಂಬ ಟೇಲರರ ಸಮರ್ಥನೆಯನ್ನು ತಳ್ಳಿಹಾಕುವುದು ಸುಲಭವಲ್ಲ. ಇಂದಿನ ರೆಫರಿಗಳಿಗೆ ಸಂಬಳವುಂಟು, ತೀರ್ಮಾನವನ್ನು ಮರುಪರಿಶೀಲಿಸಲು ಪರದೆಯುಂಟು. ಆದರೂ ಮೊದಲ ನಿಮಿಷದಲ್ಲಿ ನಿಸ್ಸಂಕೋಚವಾಗಿ ಸೀಟಿ ಊದಬಲ್ಲವರು ಅವರಲ್ಲಿಯೂ ವಿರಳ.