ಸ್ವಲೀನ ಮಕ್ಕಳೂ ಶಾಲೆಯ ಕರ್ತವ್ಯವೂ

ಶಾಲೆಯೊಂದು ಸ್ಮರಣ ಸಂಚಿಕೆಯನ್ನು ಹೊರತರುವಾಗ ಉತ್ತೀರ್ಣರಾದವರ ಸಂಖ್ಯೆ, ಉನ್ನತ ಶ್ರೇಣಿ ಪಡೆದವರ ಹೆಸರು, ಆಟೋಟಗಳಲ್ಲಿ ಗೆದ್ದವರ ಭಾವಚಿತ್ರ ಇವೆಲ್ಲವೂ ಅದರಲ್ಲಿ ಅಚ್ಚಾಗುತ್ತವೆ. ಅಚ್ಚಾಗುವುದು ಯೋಗ್ಯವೂ ಆಗಿದೆ. ಆದರೆ ಪ್ರವೇಶವನ್ನು ಬಯಸಿ ಬಂದು, "ಈ ಮಗು ಇಲ್ಲಿ ಹೊಂದಿಕೊಳ್ಳಲಾರದು" ಎಂಬ ಮಾತನ್ನು ಕೇಳಿ ಹಿಂದಿರುಗಿದ ತಾಯಿತಂದೆಗಳ ಲೆಕ್ಕವನ್ನು ಯಾವ ಸಂಚಿಕೆಯೂ ಕೊಡುವುದಿಲ್ಲ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಸೀಮೆಯ ಊರುಗಳಲ್ಲಿಯೂ ಅಂಥ ಮಕ್ಕಳು ಇದ್ದಾರೆ. ಅವರಲ್ಲಿ ಕೆಲವರಿಗಿರುವ ಸ್ಥಿತಿಗೆ ವೈದ್ಯರು 'ಆಟಿಸಂ' ಎಂದು ಹೆಸರಿಟ್ಟಿದ್ದಾರೆ. ಕನ್ನಡದಲ್ಲಿ ಅದಕ್ಕೆ 'ಸ್ವಲೀನತೆ' ಎಂಬ ಮಾತು ಬಳಕೆಗೆ ಬಂದಿದೆ. ಇಂಥ ಮಕ್ಕಳಿಗೆ ನಿಜವಾಗಿ ನೆರವಾಗುವ ಕ್ರಮ ಯಾವುದು, ಅದನ್ನು ಜಿಲ್ಲೆಯ ಶಾಲೆಯೊಂದು ಆಚರಿಸಬಲ್ಲುದೇ ಎಂಬುದು ಇಲ್ಲಿಯ ವಿಚಾರ.

ಮೊದಲು ಶಬ್ದವನ್ನು ನೋಡಬೇಕು. ಗ್ರೀಕ್ ಭಾಷೆಯಲ್ಲಿ 'ತಾನು' ಎಂಬರ್ಥದ ಪದದಿಂದ ಸ್ವಿಟ್ಜರ್ಲೆಂಡಿನ ಮನೋವೈದ್ಯ ಯೂಜೆನ್ ಬ್ಲೂಲರ್ ಈ ಹೆಸರನ್ನು ಕಟ್ಟಿದನು. 1943ರಲ್ಲಿ ಅಮೆರಿಕದಲ್ಲಿ ಲಿಯೋ ಕ್ಯಾನರ್ 11 ಮಕ್ಕಳ ಲಕ್ಷಣಗಳನ್ನು ವಿವರಿಸಿ ಬರೆದ ಲೇಖನದಿಂದ ಅದು ಇಂದಿನ ಅರ್ಥದಲ್ಲಿ ರೂಢವಾಯಿತು. 'ಸ್ವಲೀನ' ಎಂದರೆ ತನ್ನಲ್ಲಿ ತಾನೇ ಲೀನನಾದವನು. ಮಾತು ಅಂದವಾಗಿದೆ, ಆದರೆ ದಾರಿ ತಪ್ಪಿಸುವಂತಿದೆ. ಮಗು ಜಗತ್ತನ್ನು ತೊರೆದು ಒಳಗೆ ಕುಳಿತಿದೆ ಎಂಬ ಭಾವನೆಯನ್ನು ಅದು ಹುಟ್ಟಿಸುತ್ತದೆ. ವಸ್ತುತಃ ಆ ಮಗುವಿಗೆ ಜಗತ್ತು ಕಾಣದೆ ಇಲ್ಲ. ಅನೇಕ ವೇಳೆ ಅತಿಯಾಗಿ ಕಾಣುತ್ತದೆ, ಅತಿಯಾಗಿ ಕೇಳುತ್ತದೆ. ಇತರರ ಮುಖಭಾವ, ಸನ್ನೆ, ಮಾತಿನ ಇಂಗಿತಗಳನ್ನು ಹಿಡಿಯುವುದು ಅದಕ್ಕೆ ಕಷ್ಟ. ನಿತ್ಯದ ಕ್ರಮ ತಪ್ಪಿದರೆ ತಳಮಳ. ಕೆಲವು ವಿಷಯಗಳಲ್ಲಿ ಗಾಢವಾದ ಆಸಕ್ತಿ. ಕೆಲವರಿಗೆ ಮಾತೇ ಬರುವುದಿಲ್ಲ. ಕೆಲವರು ನಿರರ್ಗಳವಾಗಿ ಮಾತನಾಡುತ್ತಾರೆ. ಕೆಲವರಿಗೆ ಬುದ್ಧಿಮಾಂದ್ಯವೂ ಜೊತೆಗಿರುವುದುಂಟು, ಎಲ್ಲರಿಗೂ ಇರುವುದಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನಂತೆ 2021ರಲ್ಲಿ ಜಗತ್ತಿನ 127 ಜನರಲ್ಲಿ ಒಬ್ಬರು ಸ್ವಲೀನರು. ಇದು ಅಪರೂಪದ ಸಂಗತಿಯಲ್ಲ.

ತಾಯಿಯ ಪ್ರೀತಿ ಸಾಲದೆ ಮಗು ಹೀಗಾಯಿತೆಂಬ ನಿಷ್ಠುರವಾದ ಮಾತು ಒಂದು ಕಾಲಕ್ಕೆ ಪಾಶ್ಚಾತ್ಯ ವೈದ್ಯರಲ್ಲಿಯೂ ಇದ್ದಿತು. 1964ರಲ್ಲಿ ಬರ್ನಾರ್ಡ್ ರಿಮ್ಲಂಡ್ ತನ್ನ ಗ್ರಂಥದಲ್ಲಿ ಅದನ್ನು ಖಂಡಿಸಿದನು. 1977ರಲ್ಲಿ ಅವಳಿಜವಳಿ ಮಕ್ಕಳನ್ನು ಕುರಿತು ಲಂಡನ್ನಿನ ವಿದ್ವಾಂಸರು ಮಾಡಿದ ಅಧ್ಯಯನವು ಈ ಸ್ಥಿತಿಗೆ ವಂಶವಾಹಿಯ ಕಾರಣ ಉಂಟೆಂದು ತೋರಿಸಿತು. ಚುಚ್ಚುಮದ್ದಿನಿಂದ ಸ್ವಲೀನತೆ ಬರುತ್ತದೆಂದು ಸೂಚಿಸಿ 1998ರಲ್ಲಿ ಪ್ರಕಟವಾದ ಲೇಖನವನ್ನು ಪ್ರಕಟಿಸಿದ ಪತ್ರಿಕೆಯೇ 2010ರಲ್ಲಿ ಹಿಂತೆಗೆದುಕೊಂಡಿತು. ಆದರೂ ಊರಿನಲ್ಲಿ ಅತ್ತೆ ಸೊಸೆಯನ್ನು ದೂರುವುದು, ನೆರೆಯವರು ಪೂರ್ವಜನ್ಮದ ಪಾಪವೆನ್ನುವುದು ನಿಂತಿಲ್ಲ. ಮಗುವಿನ ಭಾರಕ್ಕಿಂತ ಈ ಮಾತಿನ ಭಾರವೇ ತಾಯಿಯನ್ನು ಹೆಚ್ಚಾಗಿ ಬಗ್ಗಿಸುತ್ತದೆ.

ಇನ್ನು ಪ್ರಮಾಣದ ವಿಚಾರ. ಪ್ರತ್ಯಕ್ಷ, ಅನುಮಾನ, ಶಬ್ದ ಎಂದು ಶಾಸ್ತ್ರಕಾರರು ಪ್ರಮಾಣಗಳನ್ನು ವಿಂಗಡಿಸಿದ್ದಾರೆ. "ಇಂಥವರ ಮಗನಿಗೆ ಈ ಔಷಧದಿಂದ ಮಾತು ಬಂದಿತು" ಎಂಬುದನ್ನು ಜನರು ಪ್ರತ್ಯಕ್ಷವೆಂದೇ ನಂಬುತ್ತಾರೆ. ಪ್ರತ್ಯಕ್ಷವಾದುದು ಮಾತು ಬಂದುದು ಮಾತ್ರ. ಔಷಧದಿಂದ ಬಂದಿತೆಂಬುದು ಅನುಮಾನ, ಅದೂ ದೋಷಯುಕ್ತವಾದ ಅನುಮಾನ. ಮಗು ಬೆಳೆಯುತ್ತಲೇ ಇರುತ್ತದೆ. ತಾಯತ ಕಟ್ಟಿದವನಿಗೆ ತಾಯತದ ಫಲ, ಗುಳಿಗೆ ಕೊಟ್ಟವನಿಗೆ ಗುಳಿಗೆಯ ಫಲ ಕಾಣುತ್ತದೆ. ಆದುದರಿಂದಲೇ ಇಂದಿನ ಪರೀಕ್ಷಕರು ಮಕ್ಕಳನ್ನು ಚೀಟಿಯೆತ್ತಿದಂತೆ ಎರಡು ಗುಂಪಾಗಿ ವಿಂಗಡಿಸಿ, ಒಂದು ಗುಂಪಿಗೆ ಹೊಸ ಕ್ರಮವನ್ನೂ ಇನ್ನೊಂದಕ್ಕೆ ರೂಢಿಯ ಉಪಚಾರವನ್ನೂ ಕೊಟ್ಟು, ಕೊನೆಗೆ ಎರಡನ್ನೂ ಹೋಲಿಸುತ್ತಾರೆ. ಈ ಒರೆಗಲ್ಲಿಗೆ ನಿಂತುದನ್ನು ಮಾತ್ರ ಪ್ರಮಾಣಸಿದ್ಧವೆನ್ನಬೇಕು.

ಈ ಒರೆಗಲ್ಲಿಗೆ ನಿಲ್ಲದೆ ಮಾರಾಟವಾಗುತ್ತಿರುವುದು ಬಹಳ. ದೇಹದಿಂದ ಲೋಹವನ್ನು ತೆಗೆಯುವೆವೆಂದು ಮಾಡುವ ಒಂದು ಚಿಕಿತ್ಸೆಯಲ್ಲಿ 2005ರಲ್ಲಿ ಅಮೆರಿಕದ ಪೆನ್ಸಿಲ್ವೇನಿಯಾದ 5 ವರ್ಷದ ಬಾಲಕನೊಬ್ಬನು ಪ್ರಾಣ ಕಳೆದುಕೊಂಡನು. ಆಕರಕೋಶ, ಅಂದರೆ ಸ್ಟೆಮ್ ಸೆಲ್ ಚಿಕಿತ್ಸೆಯ ಹೆಸರಿನಲ್ಲಿ ಲಕ್ಷಗಟ್ಟಲೆ ಹಣವನ್ನು ತೆಗೆದುಕೊಳ್ಳುವವರುಂಟು. ಸ್ವಲೀನತೆಗೆ ಅದು ಶಿಫಾರಸು ಮಾಡತಕ್ಕದ್ದಲ್ಲವೆಂದು ರಾಷ್ಟ್ರೀಯ ವೈದ್ಯಕೀಯ ಆಯೋಗದ ನೀತಿ ಮಂಡಳಿಯು 2022ರಲ್ಲಿ ಸ್ಪಷ್ಟವಾಗಿ ಹೇಳಿದೆ. ಹೊಲ ಮಾರಿ, ಕೈಗಡ ತಂದು ಓಡಾಡುವ ತಂದೆಗೆ ಇದನ್ನು ಯಾರು ತಿಳಿಸಬೇಕು? ಊರಿನಲ್ಲಿ ಅವನು ನಂಬುವವರು ಶಾಲೆಯ ಗುರುಗಳು. ಅವರಿಗೇ ತಿಳಿಯದಿದ್ದರೆ ತಿಳಿಸುವವರಿಲ್ಲ.

ಹಾಗಾದರೆ ಸಿದ್ಧವಾದುದು ಯಾವುದು? ಇಂಗ್ಲೆಂಡಿನಲ್ಲಿ 152 ಪುಟ್ಟ ಮಕ್ಕಳ ಮೇಲೆ ನಡೆದು 2010ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ, ಮಗುವಿಗಿಂತ ಮೊದಲು ತಾಯಿತಂದೆಗಳಿಗೆ ಶಿಕ್ಷಣವನ್ನು ಕೊಡಲಾಯಿತು. ಮಗು ಆಡುವುದನ್ನು ಗಮನಿಸುವುದು, ಅದು ನೋಡುತ್ತಿರುವ ವಸ್ತುವಿನ ಹೆಸರನ್ನೇ ಹೇಳುವುದು, ಅದು ಉತ್ತರ ಕೊಡುವವರೆಗೆ ಕಾಯುವುದು, ಇಷ್ಟೇ ಅದರ ತಿರುಳು. ಇದೇ ಕ್ರಮವನ್ನು ಮಾರ್ಪಡಿಸಿ ಭಾರತದ ಗೋವಾದಲ್ಲಿಯೂ ಪಾಕಿಸ್ತಾನದ ರಾವಲ್ಪಿಂಡಿಯಲ್ಲಿಯೂ 2 ರಿಂದ 9 ವರ್ಷದ 65 ಮಕ್ಕಳಲ್ಲಿ ಪರೀಕ್ಷಿಸಿದರು. ಫಲಿತಾಂಶವು 2016ರಲ್ಲಿ ಪ್ರಕಟವಾಯಿತು. ಇಲ್ಲಿ ಮುಖ್ಯವಾದುದೆಂದರೆ, ತಾಯಿತಂದೆಗಳಿಗೆ ಕಲಿಸಿದವರು ತಜ್ಞ ವೈದ್ಯರಲ್ಲ, ತರಬೇತಿ ಪಡೆದ ಸಾಮಾನ್ಯ ಕಾರ್ಯಕರ್ತರು. ಆದರೂ ತಾಯಂದಿರು ಮಗುವಿನೊಡನೆ ಸ್ಪಂದಿಸುವ ರೀತಿ ಸುಧಾರಿಸಿತು. ಮಗು ತಾನಾಗಿಯೇ ಸಂಪರ್ಕಕ್ಕೆ ತೊಡಗುವುದು ಹೆಚ್ಚಿತು. ಎಲ್ಲವೂ ಗುಣವಾಯಿತೆಂದು ಆ ಪ್ರಯೋಗಕಾರರು ಹೇಳಲಿಲ್ಲ. ಈ ಸೀಮೆಯ ಎಷ್ಟೋ ಕುಟುಂಬಗಳು ಕೂಲಿಯನ್ನರಸಿ ಗುಳೆ ಹೋಗುವ ಗೋವಾದಲ್ಲಿ ಸಾಧ್ಯವಾದುದು ಕುಷ್ಟಗಿಯಲ್ಲಿ ಅಸಾಧ್ಯವೆನ್ನಲು ಕಾರಣವಿಲ್ಲ.

ಶಾಲೆಗೆ ಸಂಬಂಧಿಸಿದ ಕ್ರಮಗಳೂ ಹೀಗೆಯೇ ಸರಳವಾಗಿವೆ. ಅಮೆರಿಕದ ಉತ್ತರ ಕೆರೊಲಿನಾ ವಿಶ್ವವಿದ್ಯಾಲಯದ ವಿದ್ವಾಂಸರು 1990ರಿಂದ 2017ರವರೆಗಿನ ಅಧ್ಯಯನಗಳನ್ನು ಶೋಧಿಸಿ, 2020ರಲ್ಲಿ 28 ಕ್ರಮಗಳನ್ನು ಪ್ರಮಾಣಸಿದ್ಧವೆಂದು ಪಟ್ಟಿ ಮಾಡಿದರು. ಎಲ್ಲದರ ಆಧಾರವೂ ಸಮಾನ ಬಲದ್ದಲ್ಲವಾದರೂ ಪಟ್ಟಿ ಉಪಯುಕ್ತವಾಗಿದೆ. ದೊಡ್ಡ ಕೆಲಸವನ್ನು ಸಣ್ಣ ಮೆಟ್ಟಿಲುಗಳಾಗಿ ಒಡೆದು ಕಲಿಸುವುದು, ಮಾಡಿ ತೋರಿಸುವುದು, ಸರಿಯಾದುದನ್ನು ಮಾಡಿದೊಡನೆ ಮೆಚ್ಚುವುದು, ಮಾತು ಬಾರದವರಿಗೆ ಚಿತ್ರದಿಂದಲೋ ಯಂತ್ರದಿಂದಲೋ ಬೇಕಾದುದನ್ನು ತಿಳಿಸಲು ಕಲಿಸುವುದು, ಓರಗೆಯ ಮಕ್ಕಳನ್ನು ಜೊತೆಗಾರರನ್ನಾಗಿ ಮಾಡುವುದು, ದಿನದ ಕಾರ್ಯಕ್ರಮವನ್ನು ಚಿತ್ರಗಳಲ್ಲಿ ಸಾಲಾಗಿ ತೋರಿಸುವುದು, ಇವು ಅದರಲ್ಲಿವೆ. ಪ್ರಾರ್ಥನೆ, ಪಾಠ, ಬಿಸಿಯೂಟ, ಆಟ, ಮನೆ ಎಂಬ ಐದು ಚಿತ್ರಗಳು ಗೋಡೆಯ ಮೇಲಿದ್ದರೆ ಮಗುವಿಗೆ ಮುಂದೇನೆಂಬ ಭಯವಿಲ್ಲ. ಕೊಪ್ಪಳ ತಾಲೂಕಿನ ಕಿನ್ನಾಳದಲ್ಲಿ ಮರಕ್ಕೆ ಬಣ್ಣ ತುಂಬುವ ಕಲಾಕಾರರು ತಲೆತಲಾಂತರದಿಂದ ಇದ್ದಾರೆ. ಇಂಥ ಫಲಕಗಳನ್ನು ಮಾಡಿಸಲು ದೂರ ಹೋಗಬೇಕಾಗಿಲ್ಲ.

ಭಾಷೆಯನ್ನು ಕಲಿಸುವವರು ಗಮನಿಸಬೇಕಾದ ಒಂದು ಸಂಗತಿಯಿದೆ. ಶಬ್ದಕ್ಕೆ ಅಭಿಧಾ, ಲಕ್ಷಣಾ, ವ್ಯಂಜನಾ ಎಂಬ ಮೂರು ವೃತ್ತಿಗಳನ್ನು ಆಲಂಕಾರಿಕರು ಹೇಳುತ್ತಾರೆ. "ಸೂರ್ಯನು ಮುಳುಗಿದನು" ಎಂದರೆ ದನ ಕಾಯುವವನಿಗೆ ಒಂದರ್ಥ, ದೀಪ ಹಚ್ಚುವವಳಿಗೆ ಇನ್ನೊಂದರ್ಥ. ಸ್ವಲೀನ ಮಗುವಿಗೆ ಅನೇಕ ವೇಳೆ ಅಭಿಧೆಯೇ ದಾರಿ. ಧ್ವನಿ ಸುಲಭವಾಗಿ ಮುಟ್ಟುವುದಿಲ್ಲ. "ಗಂಟೆ ಕೇಳಿಸಲಿಲ್ಲವೇ?" ಎಂದು ಗುರುಗಳು ಗದರಿದರೆ "ಕೇಳಿಸಿತು" ಎಂದು ಅದು ಉತ್ತರಿಸಿ ಸುಮ್ಮನೆ ಕುಳಿತಿರಬಹುದು. ಅದು ಉದ್ಧಟತನವಲ್ಲ, ಕೇಳಿದ ಪ್ರಶ್ನೆಗೆ ಕೊಟ್ಟ ಸತ್ಯವಾದ ಉತ್ತರ. "ಪುಸ್ತಕವನ್ನು ಚೀಲದಲ್ಲಿ ಇಡು" ಎಂದು ವಾಚ್ಯವಾಗಿಯೇ ಹೇಳಿದರೆ ಮಗು ಇಡುತ್ತದೆ. ಹಾಗೆಯೇ ಮನೆಮಾತನ್ನು ಬಿಟ್ಟು ಇಂಗ್ಲಿಷನ್ನೇ ಆಡಿರೆಂದು ಕೆಲವರು ಉಪದೇಶ ಮಾಡುವುದುಂಟು. ಎರಡು ಭಾಷೆಗಳನ್ನು ಕೇಳಿ ಬೆಳೆದುದರಿಂದ ಸ್ವಲೀನ ಮಕ್ಕಳ ಮಾತು ಹಿಂದೆ ಬೀಳುವುದಿಲ್ಲವೆಂದು ಅಧ್ಯಯನಗಳು ತೋರಿಸಿವೆ. ಕನ್ನಡವಾಗಲಿ, ತೆಲುಗಾಗಲಿ, ಉರ್ದುವಾಗಲಿ, ಲಂಬಾಣಿಯಾಗಲಿ, ತಾಯಿ ಮಗುವನ್ನು ಮುದ್ದಿಸುವ ಭಾಷೆಯನ್ನು ಬಿಡಿಸತಕ್ಕದ್ದಲ್ಲ.

ಶಬ್ದ, ಜನಸಂದಣಿ, ಸ್ಥಳ ಬದಲಾವಣೆ ಇವು ಇಂಥ ಮಕ್ಕಳನ್ನು ಕಂಗೆಡಿಸುತ್ತವೆ. ಲಕ್ಷಾಂತರ ಜನ ಸೇರುವ ಶ್ರೀ ಗವಿಸಿದ್ಧೇಶ್ವರ ಜಾತ್ರೆಯಲ್ಲಿ ಕಿವಿ ಮುಚ್ಚಿಕೊಂಡು ಚೀರುವ ಮಗುವಿಗೆ ಹಠವೂ ಇಲ್ಲ, ದೃಷ್ಟಿಯೂ ಆಗಿಲ್ಲ. ಅದಕ್ಕೆ ಬೇಕಾದುದು ಸದ್ದಿಲ್ಲದ ಒಂದು ಮೂಲೆ. ಯಲಬುರ್ಗಾ, ಕುಷ್ಟಗಿಗಳ ಬೆದ್ದಲು ಭೂಮಿಯಿಂದ ಗುಳೆ ಹೋಗುವ ಮನೆಗಳಲ್ಲಿ ಮನೆ, ಊರು, ಶಾಲೆ ಮೂರೂ ಒಮ್ಮೆಗೇ ಬದಲಾಗುತ್ತವೆ. ಇತರ ಮಕ್ಕಳು ಒಂದು ತಿಂಗಳಲ್ಲಿ ಮರೆಯುವುದನ್ನು ಸ್ವಲೀನ ಮಗು ವರ್ಷವಿಡೀ ಮರೆಯದಿರಬಹುದು. ಅಂಥ ಮಗುವನ್ನು ಅಜ್ಜಅಜ್ಜಿಯರ ಬಳಿ ಉಳಿಸಿ, ಅದೇ ಶಾಲೆಯಲ್ಲಿ ಮುಂದುವರಿಸಲು ಗುರುಗಳು ಸಕಾಲದಲ್ಲಿ ಆಡುವ ಒಂದು ಮಾತು ನೆರವಾದೀತು.

ಇದಕ್ಕೆ ಆಕ್ಷೇಪವುಂಟು. ತರಗತಿಯಲ್ಲಿ ಅರವತ್ತು ಮಕ್ಕಳು, ಗುರು ಒಬ್ಬರು. ಫಲಿತಾಂಶದ ಶೇಕಡಾವಾರು ಕುಸಿದರೆ ಉತ್ತರ ಹೇಳುವವರಾರು? ಆಕ್ಷೇಪವು ಹುರುಳಿಲ್ಲದ್ದಲ್ಲ. ಶಿಕ್ಷಕರ ಮೇಲೆ ಭಾರ ಹೊರಿಸಿ ದೂರ ನಿಂತು ದಯೆಯನ್ನು ಬೋಧಿಸುವುದು ಅನ್ಯಾಯ. 2021ರಲ್ಲಿ ಸರ್ವೋಚ್ಚ ನ್ಯಾಯಾಲಯವು ಸಾಮಾನ್ಯ ಶಾಲೆಗಳಲ್ಲಿರುವ ವಿಶೇಷ ಅಗತ್ಯದ ಮಕ್ಕಳಿಗೆ, ಪ್ರಾಥಮಿಕ ಹಂತದಲ್ಲಿ 10 ಮಕ್ಕಳಿಗೆ ಒಬ್ಬರು, ಅದರ ಮೇಲಿನ ಹಂತದಲ್ಲಿ 15 ಮಕ್ಕಳಿಗೆ ಒಬ್ಬರು ವಿಶೇಷ ಶಿಕ್ಷಕರಿರಬೇಕೆಂದು ಹೇಳಿದುದು ಈ ಕಾರಣದಿಂದಲೇ. ಆದರೆ ಚಿತ್ರಫಲಕ, ಸ್ಪಷ್ಟವಾದ ಮಾತು, ಹಂತಹಂತದ ಬೋಧನೆ ಇವು ಸ್ವಲೀನ ಮಗುವಿಗೆ ಮಾತ್ರವಲ್ಲ, ಹಿಂದಿನ ಬೆಂಚಿನಲ್ಲಿ ಮೌನವಾಗಿ ಕುಳಿತ ಎಷ್ಟೋ ಮಕ್ಕಳಿಗೂ ಹಿತವಾದವು. ಇನ್ನು ಕಾನೂನು: 1995ರ ಅಧಿನಿಯಮದ ಏಳು ಅಂಗವೈಕಲ್ಯಗಳಲ್ಲಿ ಸ್ವಲೀನತೆ ಇರಲಿಲ್ಲ. 2016ರಲ್ಲಿ ಅಂಗೀಕೃತವಾಗಿ 2017ರ ಏಪ್ರಿಲ್ 19ರಿಂದ ಜಾರಿಗೆ ಬಂದ ಅಧಿನಿಯಮದ 21ರಲ್ಲಿ ಅದು ಸೇರಿದೆ. ಸರ್ಕಾರದ ಅನುದಾನ ಅಥವಾ ಮಾನ್ಯತೆ ಪಡೆದ ಶಾಲೆ ಇಂಥ ಮಕ್ಕಳನ್ನು ಭೇದವಿಲ್ಲದೆ ಸೇರಿಸಿಕೊಳ್ಳಬೇಕು. ಪರೀಕ್ಷೆಯಲ್ಲಿ ಹೆಚ್ಚಿನ ಸಮಯ, ಬರೆಯುವ ಸಹಾಯಕ, ದ್ವಿತೀಯ ಹಾಗೂ ತೃತೀಯ ಭಾಷೆಗಳಿಂದ ವಿನಾಯಿತಿ ಇವುಗಳನ್ನೂ ಅದು ಹೇಳುತ್ತದೆ. ಈ ವಿನಾಯಿತಿಯಿಂದ ಭಾಷೆಗೆ ಅಪಚಾರವಾಯಿತೆಂದು ಯಾವ ಪಂಡಿತನೂ ಕೊರಗಬೇಕಾಗಿಲ್ಲ.

ಗುರುತಿಸುವ ಕಾರ್ಯಕ್ಕೂ ದಾರಿಗಳಿವೆ. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಡಿ ಅಂಗನವಾಡಿ, ಶಾಲೆಗಳಿಗೆ ಬರುವ ವೈದ್ಯರ ತಂಡ ನೋಡಬೇಕಾದ ಪಟ್ಟಿಯಲ್ಲಿ ಸ್ವಲೀನತೆಯೂ ಇದೆ. ಹೆಚ್ಚಿನ ಪರೀಕ್ಷೆಗೆ ಧಾರವಾಡದ ಡಿಮ್ಹಾನ್ಸ್, ಬೆಂಗಳೂರಿನ ನಿಮ್ಹಾನ್ಸ್, ಮಾತಿನ ವಿಷಯಕ್ಕೆ ಮೈಸೂರಿನ ವಾಕ್ ಶ್ರವಣ ಸಂಸ್ಥೆ ಇವೆ. 1999ರ ರಾಷ್ಟ್ರೀಯ ನ್ಯಾಸ ಅಧಿನಿಯಮದ ಮೇರೆಗೆ ನಡೆಯುವ 'ನಿರಾಮಯ' ವಿಮೆಯು 1 ಲಕ್ಷ ರೂಪಾಯಿಗಳವರೆಗೆ ವೆಚ್ಚವನ್ನು ಭರಿಸುತ್ತದೆ. ಈ ವಿವರಗಳು ಶಾಲೆಯ ಕಚೇರಿಯ ಫಲಕದ ಮೇಲಿದ್ದರೆ ಎಷ್ಟೋ ತಂದೆತಾಯಿಗಳ ವ್ಯರ್ಥ ಅಲೆದಾಟ ತಪ್ಪುತ್ತದೆ.

ಮಕ್ಕಳು ಮಕ್ಕಳಾಗಿಯೇ ಉಳಿಯುವುದಿಲ್ಲ. "ನಮ್ಮ ಕಾಲದ ನಂತರ ಇವನ ಗತಿ ಏನು?" ಎಂಬುದು ಪ್ರತಿ ತಾಯಿತಂದೆಯ ನಿದ್ರೆಗೆಡಿಸುವ ಪ್ರಶ್ನೆ. ಕೆಲಸದ ಸ್ಥಳದಲ್ಲಿಯೇ ಜೊತೆಗಿದ್ದು ಕಲಿಸುವ ಕ್ರಮದಿಂದ ಉದ್ಯೋಗ ದೊರೆಯುವ ಸಂಭವ ಬಹಳ ಹೆಚ್ಚುತ್ತದೆಂದು ಅಮೆರಿಕದ ವರ್ಜೀನಿಯಾದ ಪ್ರಯೋಗಗಳು ತೋರಿಸಿವೆ. ಗಂಗಾವತಿಯ ಅಕ್ಕಿ ಗಿರಣಿಗಳಲ್ಲಿ ದಾಸ್ತಾನಿನ ಲೆಕ್ಕ, ಅಂಗಡಿಗಳಲ್ಲಿ ಸಾಮಾನುಗಳ ಜೋಡಣೆ, ಗ್ರಂಥಾಲಯದಲ್ಲಿ ಪುಸ್ತಕಗಳ ಕ್ರಮ, ಇಂಥ ನಿಯತವಾದ ಕೆಲಸಗಳನ್ನು ಅವರಲ್ಲಿ ಅನೇಕರು ನಿಷ್ಠೆಯಿಂದ ಮಾಡಬಲ್ಲರು. ಹಳೆಯ ವಿದ್ಯಾರ್ಥಿಗಳಲ್ಲಿ ಉದ್ಯಮಿಗಳಾದವರು ಒಬ್ಬೊಬ್ಬರಿಗೆ ಎಡೆಗೊಟ್ಟರೂ ಅದು ಸಾರ್ಥಕವಾದ ಗುರುದಕ್ಷಿಣೆ. ಕಾಯಕವೇ ಮನುಷ್ಯನ ಘನತೆಯೆಂದು ಹೇಳುವ ಪರಂಪರೆಯಲ್ಲಿ ಕಾಯಕಕ್ಕೆ ಅವಕಾಶವನ್ನು ನಿರಾಕರಿಸುವುದು ಸಲ್ಲದು.

ದಾನಿಗಳ ಔದಾರ್ಯದಿಂದ ಶ್ರೀಮಠಗಳ ಶಾಲೆಗಳಲ್ಲಿ ಕೊಠಡಿಗಳು, ಸಭಾಮಂಟಪಗಳು ಎದ್ದಿವೆ. ಮುಂದಿನ ದಾನದ ಒಂದು ಪಾಲು ಕಲ್ಲಿಗಲ್ಲದೆ ಮನುಷ್ಯರಿಗೆ ಸಲ್ಲಲಿ. ಭಾರತೀಯ ಪುನರ್ವಸತಿ ಪರಿಷತ್ತಿನಲ್ಲಿ ನೋಂದಾಯಿತರಾದ ಒಬ್ಬ ವಿಶೇಷ ಶಿಕ್ಷಕರ ವೇತನ, ಗದ್ದಲವಿಲ್ಲದ ಒಂದು ಸಣ್ಣ ಕೋಣೆ, ಚಿತ್ರಫಲಕಗಳು, ತಿಂಗಳಿಗೊಮ್ಮೆ ತಾಯಿತಂದೆಗಳ ಶಿಬಿರ, ಉಳಿದ ಶಿಕ್ಷಕರಿಗೆ ವರ್ಷಕ್ಕೊಮ್ಮೆ ತರಬೇತಿ: ಇಷ್ಟಕ್ಕೆ ತಗಲುವುದು ಒಂದು ಸಭಾಮಂಟಪದ ವೆಚ್ಚದ ಅಲ್ಪಾಂಶ. ಬರುವ ಪ್ರವೇಶದ ದಿನಗಳಲ್ಲಿ ಮುಖ್ಯೋಪಾಧ್ಯಾಯರ ಮುಂದೆ ಅಂಥ ಮಗುವೊಂದು ಬಂದು ನಿಂತಾಗ "ಹೊಂದಿಕೊಳ್ಳಬಲ್ಲುದೇ?" ಎಂದು ಕೇಳುವ ಬದಲು, "ಇದಕ್ಕೆ ಏನು ಬೇಕು?" ಎಂದು ಕೇಳುವ ಪದ್ಧತಿ ಪ್ರಾರಂಭವಾಗಲಿ.